ನೋಟದ ವಿಲಂಬಿತ

2023ರ ಮಾರ್ಚ್ 12ರಂದು ಹುಬ್ಬಳ್ಳಿಯ ಶ್ರೀ ಸಿದ್ಧಾರೂಢ ಸ್ವಾಮೀಜಿ ರೈಲು ನಿಲ್ದಾಣದ ಹೊಸ ಪ್ಲಾಟ್‌ಫಾರ್ಮ್ ಉದ್ಘಾಟನೆಯಾಯಿತು. ಉದ್ದ 1507 ಮೀಟರ್. ಅಲ್ಲಿಯವರೆಗೆ ಗೋರಖಪುರದ ಹೆಸರಿನಲ್ಲಿದ್ದ ಜಗತ್ತಿನ ದಾಖಲೆ ಹುಬ್ಬಳ್ಳಿಗೆ ಬಂತು. ಆ ದಿನಗಳಲ್ಲಿ ಮೊಬೈಲಿಗೆ ಬಂದು ಬೀಳುತ್ತಿದ್ದ ವಿಡಿಯೊಗಳಲ್ಲಿ ನಾನು ಕಂಡವೆಲ್ಲ ಹೆಚ್ಚುಕಡಿಮೆ ಒಂದೇ ಥರ ಇದ್ದವು. ಡ್ರೋನ್ ಮೇಲೇರುತ್ತದೆ, ಹಳಿಗಳ ಮೇಲಿಂದ ಹಾರುತ್ತದೆ, ಕೆಲವೇ ಸೆಕೆಂಡಿಗೆ ಈ ತುದಿಯಿಂದ ಆ ತುದಿ ಮುಟ್ಟುತ್ತದೆ, ಪರದೆಯ ಮೇಲೆ ಅಂಕಿ ಮೂಡುತ್ತದೆ. ಉದ್ದವನ್ನು ತೋರಿಸಲು ಹೊರಟ ದೃಶ್ಯದಲ್ಲಿ ಉದ್ದವೇ ಇರಲಿಲ್ಲ. ಒಂದೂವರೆ ಕಿಲೋಮೀಟರನ್ನು ಬರಿಗೈಯಲ್ಲಿ ನಡೆದರೂ ಇಪ್ಪತ್ತು ನಿಮಿಷ ಹಿಡಿಯುತ್ತದೆ. ತಲೆಯ ಮೇಲೆ ಗಂಟು, ಕಂಕುಳಲ್ಲಿ ಕೂಸು, ಹಿಂದೆ ಮಂಡಿನೋವಿನ ಅತ್ತೆ ಇದ್ದರೆ ಇನ್ನೂ ಹೆಚ್ಚು. ಜನರಲ್ ಬೋಗಿ ಎಲ್ಲಿ ನಿಲ್ಲುತ್ತದೆಂದು ಯಾರನ್ನೋ ಕೇಳಿ, ಅವರು ಕೈ ಮಾಡಿದ ಕಡೆ ನಡೆದು, ಅಲ್ಲ ಅಲ್ಲ ಆ ಕಡೆ ಎಂದು ಇನ್ನೊಬ್ಬರು ಹೇಳಿ, ತಿರುಗಿ ಬರುವಷ್ಟರಲ್ಲಿ ಗಾಡಿ ಬಂದಿರುತ್ತದೆ. ಅಂಥ ಒಂದು ಸಂಸಾರದ ಜೊತೆ, ಶಾಟ್ ಒಮ್ಮೆಯೂ ತುಂಡಾಗದೆ, ಕ್ಯಾಮೆರಾ ಇಪ್ಪತ್ತು ನಿಮಿಷ ನಡೆದರೆ 1507 ಎಂಬ ಅಂಕಿ ನಮ್ಮ ಕಾಲಿಗೆ ತಿಳಿಯುತ್ತದೆ. ಅಂಥ ಚಿತ್ರವನ್ನು ನಾನು ಈವರೆಗೆ ನೋಡಿಲ್ಲ. ಅಂಥವು ಯಾಕೆ ಬೇಕು ಎನ್ನುವುದೇ ಈ ಲೇಖನದ ವಾದ.

ಹಾಗೆ ನೋಡುವ ಸಾಕ್ಷ್ಯಚಿತ್ರಗಳ ಒಂದು ದೊಡ್ಡ ಪರಂಪರೆಯೇ ಜಗತ್ತಿನಲ್ಲಿದೆ. ಹಿನ್ನೆಲೆಯಲ್ಲಿ ವಿವರಿಸುವ ದನಿ ಇರುವುದಿಲ್ಲ. ಯಾರನ್ನೂ ಕುರ್ಚಿಯಲ್ಲಿ ಕೂರಿಸಿ ಪ್ರಶ್ನೆ ಕೇಳುವುದಿಲ್ಲ. ದುಃಖ ಬಂದಾಗ ಸಾರಂಗಿ, ಸಂತೋಷ ಬಂದಾಗ ಕೊಳಲು ಎಂಬ ಕಟ್ಟುಪಾಡಿಲ್ಲ. ಕ್ಯಾಮೆರಾ ಒಂದು ಜಾಗದಲ್ಲಿ ತಿಂಗಳುಗಟ್ಟಲೆ ಇರುತ್ತದೆ, ಅಲ್ಲಿಯವರು ತಮ್ಮ ಪಾಡಿಗೆ ತಾವು ಬದುಕುತ್ತಾರೆ. ಅಮೆರಿಕದ ಫ್ರೆಡರಿಕ್ ವೈಸ್‌ಮನ್ 1967ರಿಂದ ಇದೇ ಕ್ರಮದಲ್ಲಿ ಶಾಲೆ, ಆಸ್ಪತ್ರೆ, ಗ್ರಂಥಾಲಯ, ನಗರಸಭೆಗಳ ಮೇಲೆ ಚಿತ್ರ ಮಾಡುತ್ತ ಬಂದವರು. 1975ರ ಅವರ ‘ವೆಲ್‌ಫೇರ್’ ಚಿತ್ರ ನ್ಯೂಯಾರ್ಕಿನ ಒಂದು ಸರ್ಕಾರಿ ಸಹಾಯಧನದ ಕಚೇರಿಯಲ್ಲಿ ಎರಡೂವರೆ ಗಂಟೆಗೂ ಹೆಚ್ಚು ಹೊತ್ತು ಕುಳಿತಿರುತ್ತದೆ. ಕಾಗದ ತಂದಿಲ್ಲ, ಆ ಕೌಂಟರಿಗೆ ಹೋಗಿ, ನಾಳೆ ಬನ್ನಿ. ನಮ್ಮ ತಹಶೀಲ್ದಾರ್ ಕಚೇರಿಯ ಮುಂದೆ ಒಂದು ಬೆಳಗ್ಗೆ ಕಳೆದವರಿಗೆ ಆ ಚಿತ್ರಕ್ಕೆ ವಿವರಣೆ ಬೇಕಾಗುವುದಿಲ್ಲ. ಡೇವಿಡ್ ಮ್ಯಾಕ್‌ಡೂಗಲ್ ನಮ್ಮ ಗಡಿಗೆ ಹತ್ತಿರದ ಚಿತ್ತೂರು ಸೀಮೆಯ ರಿಷಿ ವ್ಯಾಲಿ ಶಾಲೆಯಲ್ಲಿ 2007ರಲ್ಲಿ ‘ಸ್ಕೂಲ್‌ಸ್ಕೇಪ್ಸ್’ ಮಾಡಿದರು. ಅದರಲ್ಲಿ ಒಂದೊಂದು ದೃಶ್ಯವೂ ಒಂದೊಂದೇ ಶಾಟ್. ಸಿನಿಮಾ ಹುಟ್ಟಿದ್ದೂ ಇಲ್ಲಿಂದಲೇ ಅಲ್ಲವೇ? 1895ರಲ್ಲಿ ಲ್ಯೂಮಿಯೇರ್ ಸಹೋದರರು ಲಿಯೋನ್ ಪಟ್ಟಣದ ತಮ್ಮ ಕಾರ್ಖಾನೆಯ ಬಾಗಿಲೆದುರು ಕ್ಯಾಮೆರಾ ಇಟ್ಟು, ಕೆಲಸ ಮುಗಿಸಿ ಹೊರಬರುವ ಕಾರ್ಮಿಕರನ್ನು ಒಂದು ನಿಮಿಷಕ್ಕೂ ಕಡಿಮೆ ಹೊತ್ತು ಚಿತ್ರಿಸಿದರು. ಹುಬ್ಬಳ್ಳಿಯ ಗದಗ ರಸ್ತೆಯ ರೈಲ್ವೆ ವರ್ಕ್‌ಶಾಪಿನ ಗೇಟಿನೆದುರು ಆ ದೃಶ್ಯ ತಲೆಮಾರುಗಳಿಂದ ನಡೆಯುತ್ತಲೇ ಇದೆ.

ಇಂಥ ಚಿತ್ರಗಳ ಮಾತು ತೆಗೆದರೆ ನಮ್ಮಲ್ಲಿ ಬರುವ ಮೊದಲ ಉತ್ತರ, ಅಷ್ಟು ಹೊತ್ತು ಯಾರು ಕೂತು ನೋಡುತ್ತಾರೆ ಎಂಬುದು. ಬೇರೆ ಊರಿನವರು ಹೀಗೆ ಕೇಳಿದರೆ ಒಪ್ಪಬಹುದು. ಧಾರವಾಡದವರು ಕೇಳಬಾರದು. ಒಂದೇ ರಾಗವನ್ನು ಮುಕ್ಕಾಲು ಗಂಟೆ ಕೇಳುವ ಊರು ಇದು. ಕುಂದಗೋಳದ ನಾಡಗೀರ ವಾಡೆಯಲ್ಲಿ ಸವಾಯಿ ಗಂಧರ್ವರ ಪುಣ್ಯತಿಥಿಗೆ ಅಹೋರಾತ್ರಿ ಹಾಡು ನಡೆಯುತ್ತದೆ. ಹುಬ್ಬಳ್ಳಿ, ಧಾರವಾಡ, ಗದಗಿನಿಂದ ಹೋದವರು ಶಾಲು ಹೊದ್ದು ಬೆಳಗಿನವರೆಗೆ ಕೂರುತ್ತಾರೆ. ಅವರಲ್ಲಿ ರಾಗದ ಲಕ್ಷಣ ಓದಿಕೊಂಡವರು ಕಡಿಮೆ, ಕೇಳಿ ಕೇಳಿ ಕಿವಿ ಪಳಗಿಸಿಕೊಂಡವರು ಹೆಚ್ಚು. ಗಂಗೂಬಾಯಿ ಹಾನಗಲ್ ಹುಬ್ಬಳ್ಳಿಯಿಂದ ರೈಲಿನಲ್ಲಿ ಕುಂದಗೋಳಕ್ಕೆ ಹೋಗಿ ಸವಾಯಿ ಗಂಧರ್ವರಲ್ಲಿ ಕಲಿತವರು. ಗುರುಗಳು ಕೊಡುತ್ತಿದ್ದದ್ದು ಸ್ವಲ್ಪ, ಅದನ್ನೇ ಮತ್ತೆ ಮತ್ತೆ ಹಾಡಿಸುತ್ತಿದ್ದರು ಎಂದು ಅವರೇ ನೆನಪಿಸಿಕೊಂಡಿದ್ದಾರೆ. ಕಿರಾಣಾ ಘರಾಣೆಯ ಬಢತ್ ಎಂದರೆ ಅದೇ: ಒಂದೊಂದೇ ಸ್ವರದ ಬಳಿ ನಿಂತು, ಅದು ಪೂರ್ತಿ ತೆರೆದುಕೊಳ್ಳುವವರೆಗೆ ಮುಂದಿನದಕ್ಕೆ ಹೋಗದಿರುವುದು. ಇಷ್ಟು ಸಹನೆ ಕಿವಿಗೆ ಬಂದಿರುವ ಊರಿನಲ್ಲಿ ಕಣ್ಣಿಗೆ ಯಾಕೆ ಬರಲಿಲ್ಲ? ಕಿವಿಗೆ ಗುರುಗಳು ಸಿಕ್ಕರು, ಬೈಠಕ್‌ಗಳು ಸಿಕ್ಕವು, 1950ರ ಜನವರಿಯಲ್ಲಿ ಶುರುವಾದ ಆಕಾಶವಾಣಿ ಸಿಕ್ಕಿತು. ಕಣ್ಣಿಗೆ ಅಂಥ ಯಾವ ಏರ್ಪಾಡೂ ಆಗಲಿಲ್ಲ.

ಸಿನಿಮಾ ನಿರ್ದೇಶಕ ಮಣಿ ಕೌಲ್ ಕಿವಿ, ಕಣ್ಣು ಈ ಎರಡರ ಸಹನೆಯನ್ನೂ ಒಂದು ಕಡೆ ತಂದವರು. ಅವರು ಸ್ವತಃ ಧ್ರುಪದ ಕಲಿತವರು. 1982ರ ಅವರ ‘ಧ್ರುಪದ್’ ಚಿತ್ರದಲ್ಲಿ ಡಾಗರ್ ಮನೆತನದ ಸಂಗೀತ ಅರಮನೆ, ಕೋಟೆಗಳ ನಡುವೆ ನಡೆದು ಕೊನೆಗೆ ಮುಂಬಯಿಗೆ ಬರುತ್ತದೆ. ಕ್ಯಾಮೆರಾ ಬಹಳ ಹೊತ್ತು ಆ ಊರಿನ ಇಕ್ಕಟ್ಟಾದ ಮನೆಗಳ ಮೇಲೆ ನಿಧಾನವಾಗಿ ಸರಿಯುತ್ತದೆ. ರಾಗಕ್ಕೆ ಸಲ್ಲುವ ಗಮನ ಬಡವರ ಮಾಡಿಗೂ ಸಲ್ಲಬೇಕು ಎಂದು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ, ಆದರೆ ನೋಡುವವರಿಗೆ ಅದು ತಟ್ಟುತ್ತದೆ. ಆ ಒಂದು ಹೆಜ್ಜೆಯನ್ನು ನಮ್ಮ ಅವಳಿ ನಗರದಲ್ಲಿ ಇಡಬೇಕಾಗಿದೆ.

ಹಾಗೆಂದು ಹುಬ್ಬಳ್ಳಿ–ಧಾರವಾಡದ ಬಗ್ಗೆ ಒಳ್ಳೆಯ ಸಾಕ್ಷ್ಯಚಿತ್ರಗಳು ಆಗಿಲ್ಲವೆಂದಲ್ಲ. ಗಿರೀಶ ಕಾರ್ನಾಡರು 1972ರಲ್ಲಿ ದ. ರಾ. ಬೇಂದ್ರೆಯವರ ಮೇಲೆ ಚಿತ್ರ ಮಾಡಿದರು. ಮಲ್ಲಿಕಾರ್ಜುನ ಮನಸೂರರ ಮೇಲೆ ನಂದನ್ ಕುಡ್ಯಾಡಿ ಮಾಡಿದ ‘ರಸಯಾತ್ರಾ’ ರಾಷ್ಟ್ರಪ್ರಶಸ್ತಿ ಪಡೆಯಿತು. ಇವೆಲ್ಲ ಬೇಕಾದವು, ಉಳಿಯಬೇಕಾದವು. ಆದರೆ ಪಟ್ಟಿ ನೋಡುತ್ತ ಹೋದರೆ ಒಂದು ಸಂಗತಿ ಎದ್ದು ಕಾಣುತ್ತದೆ: ಕ್ಯಾಮೆರಾ ಈ ಊರಿಗೆ ಬಂದದ್ದು ದೊಡ್ಡವರ ಮನೆಗೆ. ಸಾಧನಕೇರಿಗೆ ಹೋಗುವ ಓಣಿಯಲ್ಲಿ ಹಾಲು ಹಾಕುವವನು, ಆಕಾಶವಾಣಿಯ ಗೇಟಿನ ಕಾವಲುಗಾರ, ಗಾಯಕರಿಗೆ ನಸುಕಿನಲ್ಲಿ ಚಹಾ ಮಾಡಿಕೊಟ್ಟ ಹೆಂಗಸು, ಇವರೆಲ್ಲ ಚೌಕಟ್ಟಿನ ಅಂಚಿನಲ್ಲಿ ಕ್ಷಣಮಾತ್ರ ಕಂಡು ಸರಿದುಹೋದರು. ಪ್ರತಿಭೆಯ ಮುಂದೆ ಸಾವಧಾನವಾಗಿ ಕೂರುವುದು ಗೌರವ ಎಂದು ನಮಗೆ ಗೊತ್ತು. ದುಡಿಮೆಯ ಮುಂದೆಯೂ ಅಷ್ಟೇ ಸಾವಧಾನವಾಗಿ ಕೂರುವುದು ಇನ್ನೂ ನಮಗೆ ಸಹಜವಾಗಿಲ್ಲ.

ಹುಬ್ಬಳ್ಳಿಯ ಬೆಂಗೇರಿಯನ್ನು ತೆಗೆದುಕೊಳ್ಳೋಣ. 1957ರಲ್ಲಿ ಸ್ಥಾಪನೆಯಾದ ಕರ್ನಾಟಕ ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘ ಅಲ್ಲಿ ರಾಷ್ಟ್ರಧ್ವಜ ತಯಾರಿಸುತ್ತದೆ. ಪ್ರತಿ ಆಗಸ್ಟಿನಲ್ಲಿ ಟಿವಿ ತಂಡಗಳು ಬರುತ್ತವೆ. ಒಂದೂವರೆ ನಿಮಿಷದ ವರದಿಯಲ್ಲಿ ಕೇಸರಿ, ಬಿಳಿ, ಹಸಿರು ಬಟ್ಟೆ ಹಾರುತ್ತವೆ, ದೇಶಭಕ್ತಿಗೀತೆ ಕೇಳುತ್ತದೆ, ಒಬ್ಬ ಹೆಣ್ಣುಮಗಳು ‘ಭಾಳ ಹೆಮ್ಮಿ ಅನಸ್ತದ್ರಿ’ ಎನ್ನುತ್ತಾಳೆ. ಆಕೆಯ ಹೆಮ್ಮೆ ನಿಜ. ಆದರೆ ಆ ವರದಿಯಲ್ಲಿ ಆಕೆಯ ಕೆಲಸ ಇಲ್ಲ.

ಕೆಲಸ ಹೀಗಿದೆ. ಬಾಗಲಕೋಟೆ ಕಡೆಯ ಕೇಂದ್ರಗಳಲ್ಲಿ ಕೈಯಿಂದ ನೂತು, ಕೈಮಗ್ಗದಲ್ಲಿ ನೇಯ್ದ ಖಾದಿ ಇಲ್ಲಿಗೆ ಬರುತ್ತದೆ. ಅದನ್ನು ಮೂರು ಪಾಲು ಮಾಡಿ ಒಂದಕ್ಕೆ ಕೇಸರಿ, ಒಂದಕ್ಕೆ ಹಸಿರು ಬಣ್ಣ ಹಾಕುತ್ತಾರೆ, ಒಂದನ್ನು ಬಿಳುಪು ಮಾಡುತ್ತಾರೆ. ಧ್ವಜಕ್ಕೆ ಒಂಬತ್ತು ಅಳತೆಗಳಿವೆ. ಎಲ್ಲಕ್ಕಿಂತ ಚಿಕ್ಕದು ಮೇಜಿನ ಮೇಲಿಡುವ 150ಕ್ಕೆ 100 ಮಿಲಿಮೀಟರಿನದು, ದೊಡ್ಡದು 6300ಕ್ಕೆ 4200 ಮಿಲಿಮೀಟರಿನದು, ಅಂದರೆ ಇಪ್ಪತ್ತೊಂದು ಅಡಿಗೆ ಹದಿನಾಲ್ಕು ಅಡಿ. ಬಿಳಿ ಪಟ್ಟಿಯ ಮೇಲೆ ಇಪ್ಪತ್ನಾಲ್ಕು ಅರೆಗಳ ನೀಲಿ ಚಕ್ರ ಬಟ್ಟೆಯ ಎರಡೂ ಬದಿಗೆ ಬರಬೇಕು. ಒಂದು ಬದಿಯ ಚಕ್ರದ ಹಿಂದೆ ಸರಿಯಾಗಿ ಇನ್ನೊಂದು ಬದಿಯ ಚಕ್ರ ಕೂರಬೇಕು. ಕೂದಲೆಳೆಯಷ್ಟು ಜರುಗಿದರೂ ಬೆಳಕಿಗೆ ಹಿಡಿದಾಗ ಅರೆಗಳು ಜೋಡಿಜೋಡಿಯಾಗಿ ಕಾಣುತ್ತವೆ. ಅದನ್ನು ನೋಡುವವರ ಕುತ್ತಿಗೆ ಒಂದು ಕಡೆ ವಾಲಿರುತ್ತದೆ, ಕಣ್ಣು ಕಿರಿದಾಗಿರುತ್ತದೆ. ಹೆಬ್ಬೆರಳಿನಿಂದ ಅಂಚನ್ನು ಒತ್ತಿ ಎಳೆದು ಮತ್ತೆ ನೋಡುತ್ತಾರೆ, ಪಕ್ಕದವಳಿಗೆ ತೋರಿಸುತ್ತಾರೆ, ಮಾತಿಲ್ಲದೆ ಆಕೆ ತಲೆಯಾಡಿಸುತ್ತಾಳೆ ಅಥವಾ ಆಡಿಸುವುದಿಲ್ಲ. ದೊಡ್ಡ ಧ್ವಜ ಹೊಲಿಯುವಾಗ ಯಂತ್ರದ ಮುಂದೆ ಕೂತವಳ ಸುತ್ತ ಬಟ್ಟೆ ರಾಶಿ ಬಿದ್ದಿರುತ್ತದೆ. ಅದು ಸುಕ್ಕಾಗದಂತೆ, ನೆಲದ ದೂಳು ತಾಗದಂತೆ ಸರಿಸುತ್ತ ಹೋಗುವುದೇ ಒಂದು ಕೆಲಸ. ಕಂಬಕ್ಕೆ ಕಟ್ಟುವ ಬದಿಗೆ ದಪ್ಪ ಬಟ್ಟೆಯ ತೋಳು, ಅದರೊಳಗೆ ಹಗ್ಗ, ಹಗ್ಗಕ್ಕೆ ಮರದ ಗುಬುಟು. ಇಷ್ಟೆಲ್ಲ ಆದಮೇಲೂ ಅಳತೆ, ಬಣ್ಣ, ಹೊಲಿಗೆಯಲ್ಲಿ ದೋಷ ಕಂಡರೆ ಧ್ವಜ ತಿರಸ್ಕೃತವಾಗುತ್ತದೆ.

ಆ ತಲೆಯಾಡಿಸುವ ಮತ್ತು ಆಡಿಸದಿರುವ ಕ್ಷಣವನ್ನು ಒಂದೂವರೆ ನಿಮಿಷದ ವರದಿ ಹಿಡಿಯಲಾರದು. ಆ ಕ್ಷಣಕ್ಕೆ ತೂಕ ಬರಬೇಕಾದರೆ ಅದಕ್ಕಿಂತ ಮುಂಚಿನ ನಲವತ್ತು ಚಕ್ರಗಳನ್ನು ನಾವು ನೋಡಿರಬೇಕು. ಕೈಯ ಕಸುಬು ಇರುವುದು ಪುನರಾವರ್ತನೆಯಲ್ಲಿ. ಪುನರಾವರ್ತನೆಯನ್ನು ಕತ್ತರಿಸಿ ಎಸೆದರೆ ಕಸುಬನ್ನೇ ಎಸೆದ ಹಾಗೆ. ಇನ್ನೊಂದು ಮಾತೂ ಇದೆ. 2021ರ ಡಿಸೆಂಬರ್ 30ರಂದು ಧ್ವಜಸಂಹಿತೆಗೆ ತಿದ್ದುಪಡಿಯಾಗಿ ಯಂತ್ರದಲ್ಲಿ ತಯಾರಾದ, ಪಾಲಿಯೆಸ್ಟರಿನ ಧ್ವಜಗಳಿಗೂ ಅನುಮತಿ ಸಿಕ್ಕಿತು. ಮರುವರ್ಷ ಮನೆಮನೆಗೆ ತಿರಂಗಾ ಅಭಿಯಾನ ನಡೆದಾಗ ಬೆಂಗೇರಿಯವರು ಪ್ರತಿಭಟನೆಗಿಳಿದರು. ಆ ಪ್ರತಿಭಟನೆಯೂ ಸುದ್ದಿಯಾಯಿತು, ಒಂದು ದಿನದ ಮಟ್ಟಿಗೆ. ಬೇಡಿಕೆ ಇಳಿದ ಮೇಲೆ ಫೆಬ್ರುವರಿಯ ಒಂದು ಮಧ್ಯಾಹ್ನ ಅಲ್ಲಿ ಹೇಗಿರುತ್ತದೆ? ಎಷ್ಟು ಯಂತ್ರಗಳು ಓಡುತ್ತಿರುತ್ತವೆ, ಎಷ್ಟಕ್ಕೆ ಬಟ್ಟೆ ಮುಚ್ಚಿರುತ್ತಾರೆ, ಊಟದ ಡಬ್ಬಿ ಬಿಚ್ಚಿದಾಗ ಯಾವ ಮಾತು ಬರುತ್ತದೆ? ಧ್ವಜಸಂಹಿತೆಯ ಒಂದು ಸಾಲು ಒಬ್ಬ ಹೆಂಗಸಿನ ವಾರದ ಕೂಲಿಗೆ ಹೇಗೆ ಇಳಿಯುತ್ತದೆಂದು ತೋರಿಸಬೇಕಾದರೆ ಕ್ಯಾಮೆರಾ ಆಗಸ್ಟಿನಿಂದ ಆಗಸ್ಟಿನವರೆಗೆ ಅಲ್ಲೇ ಇರಬೇಕು.

ಬೇಸರದ ಆಕ್ಷೇಪಕ್ಕೆ ಮತ್ತೆ ಬರುತ್ತೇನೆ, ಏಕೆಂದರೆ ಅದನ್ನು ಹಗುರವಾಗಿ ತಳ್ಳಿಹಾಕಬಾರದು. ನಿಧಾನವೆಂಬ ಹೆಸರಿನಲ್ಲಿ ಬರುವ ಕೆಟ್ಟ ಚಿತ್ರಗಳು ಬಹಳ ಇವೆ. ಟ್ರೈಪಾಡಿನ ಮೇಲೆ ಕ್ಯಾಮೆರಾ ಇಟ್ಟು, ಗೋಡೆಯ ಮೇಲಿನ ಬಿಸಿಲನ್ನು ನಾಲ್ಕು ನಿಮಿಷ ತೋರಿಸಿ, ಇದು ಧ್ಯಾನ ಎನ್ನುವವರಿದ್ದಾರೆ. ಅದು ನೋಡುಗರ ಹೊತ್ತಿಗೆ ಮಾಡುವ ಅವಮರ್ಯಾದೆ. ವಿಲಂಬಿತ ಲಯಕ್ಕೆ ತಬಲಾ ಇರುತ್ತದೆ. ಸಮ್ ಎಲ್ಲಿ ಬೀಳುತ್ತದೆಂದು ಗಾಯಕರಿಗೂ ಗೊತ್ತು, ಕೇಳುವವರಿಗೂ ಗೊತ್ತು. ಎಷ್ಟು ದೂರ ಹೋದರೂ ಅಲ್ಲಿಗೆ ಬರಲೇಬೇಕು. ಲಯ ತಪ್ಪಿದ ನಿಧಾನಕ್ಕೆ ನಮ್ಮ ರಸಿಕರು ಎಂದೂ ತಲೆದೂಗಿದವರಲ್ಲ. ಚಿತ್ರಕ್ಕೂ ಅದೇ ಕಟ್ಟಳೆ. ಒಂದು ಶಾಟ್ ಉದ್ದವಾಗಿರುವುದಕ್ಕೆ ಅದರೊಳಗೇ ಕಾರಣವಿರಬೇಕು: ಒಂದು ಕೆಲಸ ಮುಗಿಯಬೇಕು, ಒಬ್ಬರ ಮುಖದಲ್ಲಿ ಏನೋ ಬದಲಾಗಬೇಕು, ಸಾಲು ಒಂದು ಹೆಜ್ಜೆ ಮುಂದೆ ಹೋಗಬೇಕು. ಲೈನ್ ಬಜಾರಿನ ಪೇಢೆಯನ್ನೇ ನೋಡಿ. ಹಾಲು ಖೋವಾ ಆಗಿ, ಖೋವಾ ಹುರಿದು ಕಂದು ಬಣ್ಣಕ್ಕೆ ಬರುವವರೆಗೆ ಕಡಾಯಿಯ ಮುಂದೆ ನಿಂತವನು ಕೈ ಬಿಡುವಂತಿಲ್ಲ. ಆ ಬಣ್ಣ ತಿರುಗುವ ಕ್ಷಣವನ್ನು ಗಡಿಯಾರ ಹೇಳುವುದಿಲ್ಲ, ಅವನ ಕಣ್ಣು, ಮೂಗು ಹೇಳುತ್ತವೆ. ಅಷ್ಟೂ ಹೊತ್ತು ನೋಡಿದ ಪ್ರೇಕ್ಷಕ ಆ ಕ್ಷಣವನ್ನು ತಾನೂ ಗುರುತಿಸಿದರೆ ಶಾಟ್ ಗೆದ್ದಿತು, ಗುರುತಿಸದಿದ್ದರೆ ಸೋತಿತು. ಈ ಲೆಕ್ಕ ಸಂಕಲನದ ಮೇಜಿನ ಮೇಲೆ ನಡೆಯುತ್ತದೆ. ನೂರು ಗಂಟೆಗೂ ಮಿಕ್ಕಿ ಚಿತ್ರಿಸಿದ್ದನ್ನು ವೈಸ್‌ಮನ್ ತಾವೇ ಕೂತು ತಿಂಗಳುಗಟ್ಟಲೆ ಸಂಕಲನ ಮಾಡುತ್ತಿದ್ದರು. ಕತ್ತರಿ ಹಾಕದವರ ಸಿನಿಮಾ ಇದಲ್ಲ. ಎಲ್ಲಿ ಹಾಕಬಾರದೆಂದು ಕಲಿತವರದ್ದು.

ಕ್ಯಾಮೆರಾ ಕಂಡರೆ ಜನ ನಟಿಸುತ್ತಾರಲ್ಲ ಎಂಬುದು ಇನ್ನೊಂದು ಆಕ್ಷೇಪ. ನಟಿಸುತ್ತಾರೆ, ಮೊದಮೊದಲು. ನಮ್ಮ ಕಡೆಯಂತೂ ಕ್ಯಾಮೆರಾ ಹಿಡಿದು ಬಂದವರು ಅತಿಥಿಗಳೇ. ‘ಬರ್ರಿ, ಕೂಡ್ರಿ, ಚಾ ತಗೋರಿ’ ಎನ್ನುತ್ತಾರೆ. ಕೂದಲು ಸರಿಮಾಡಿಕೊಳ್ಳುತ್ತಾರೆ, ಒಳ್ಳೆಯ ಸೀರೆ ಉಟ್ಟು ಬರುತ್ತಾರೆ, ಹಿಂದಿನ ಗೋಡೆಯ ಕ್ಯಾಲೆಂಡರ್ ನೇರ ಮಾಡುತ್ತಾರೆ. ಸುದ್ದಿ ತಂಡ ಈ ಹಂತದಲ್ಲೇ ಬೇಕಾದ್ದನ್ನು ತೆಗೆದುಕೊಂಡು ಹೊರಟುಬಿಡುತ್ತದೆ. ಹೋಗದೆ ಉಳಿದವರಿಗೆ ಒಂದು ದಿನ ‘ಅಷ್ಟ ಆ ಕಡೆ ಸರೀರಿ, ಬೆಳಕ ಬೀಳವಲ್ದು’ ಎಂಬ ಮಾತು ಕೇಳುತ್ತದೆ. ಅತಿಥಿ ಕೆಲಸಕ್ಕೆ ಅಡ್ಡವಾದವನಾದ. ಚಿತ್ರೀಕರಣ ಶುರುವಾಗುವುದು ಆ ದಿನದಿಂದ. ಹಾಗೆಂದು ಕ್ಯಾಮೆರಾ ಗೋಡೆಯ ಮೇಲಿನ ನೊಣದಂತೆ ಯಾರಿಗೂ ಕಾಣದೆ ಇರುತ್ತದೆ ಎಂದು ನಾನು ಹೇಳಲಾರೆ. 1922ರ ‘ನಾನೂಕ್ ಆಫ್ ದಿ ನಾರ್ತ್’ ಚಿತ್ರದಲ್ಲಿ ಬಂದೂಕು ಬಳಸುವ ಜನರ ಕೈಗೆ ನಿರ್ದೇಶಕ ಫ್ಲಾಹರ್ಟಿ ಈಟಿ ಕೊಟ್ಟರು, ಒಳಗೆ ಬೆಳಕು ಸಾಲದೆಂದು ಅರ್ಧ ಮಾತ್ರ ಕಟ್ಟಿದ ಹಿಮದ ಮನೆಯಲ್ಲಿ ಸಂಸಾರವನ್ನು ಮಲಗಿಸಿದರು. ಜನರು ಇದ್ದಂತೆ ತೋರಿಸುತ್ತೇವೆ ಎನ್ನುವವರು ಮೊದಲಿನಿಂದಲೂ ಬೇಕಾದಂತೆ ಜೋಡಿಸುತ್ತ ಬಂದಿದ್ದಾರೆ. ನಿಧಾನ ಇದಕ್ಕೆ ಪೂರ್ತಿ ಮದ್ದಲ್ಲ, ಆದರೆ ಸುಳ್ಳಿನ ಅವಕಾಶವನ್ನು ಕಡಿಮೆ ಮಾಡುತ್ತದೆ. ಮಾತು ನಟಿಸಬಲ್ಲದು. ನಲವತ್ತೊಂದನೆಯ ಚಕ್ರ ಅಚ್ಚೊತ್ತುವ ಕೈಗೆ ನಟಿಸಲು ಬಿಡುವಿಲ್ಲ.

ಮಾತು ನಟಿಸುವ ಕಡೆ ನಮ್ಮ ಸಮಾಜದ ಬಹು ದೊಡ್ಡ ಸಂಗತಿಯೊಂದು ಅಡಗಿಕೊಳ್ಳುತ್ತದೆ. ಮೈಕ್ ಹಿಡಿದು ಕೇಳಿದರೆ ‘ನಮ್ಮಲ್ಲಿ ಜಾತಿ ಗೀತಿ ಏನಿಲ್ರಿ’ ಎಂಬ ಉತ್ತರ ಎಲ್ಲ ಕಡೆ ಸಿಗುತ್ತದೆ. ಹೇಳಿದವರು ಅದನ್ನು ನಂಬಿಯೂ ಇರಬಹುದು. ಕ್ಯಾಮೆರಾ ಅಲ್ಲೇ ಓಡುತ್ತಿರಲಿ. ಯಾರು ಕುರ್ಚಿಯ ಮೇಲೆ ಕೂತರು, ಯಾರು ಹೊಸ್ತಿಲ ಆಚೆ ನಿಂತು ಮಾತಾಡಿದರು, ಯಾರ ಕೈಗೆ ಲೋಟ ಬಂತು, ಯಾರ ಮುಂದೆ ಲೋಟ ಇಟ್ಟು ಹೋದರು, ಯಾರನ್ನು ‘ರೀ’ ಎಂದರು, ವಯಸ್ಸಾದವರನ್ನೂ ಯಾರು ‘ಏ’ ಎಂದರು. ಇದನ್ನು ವಿವರಣೆಯ ದನಿಯಲ್ಲಿ ಹೇಳಿದರೆ ಭಾಷಣವಾಗುತ್ತದೆ, ಕೇಳಿದವರು ಅದು ನಮ್ಮೂರಲ್ಲ ಎಂದುಕೊಳ್ಳುತ್ತಾರೆ. ಅರ್ಧ ಗಂಟೆ ಆ ಕೋಣೆಯಲ್ಲಿ ಕೂತು ನೋಡಿದವರಿಗೆ ಹಾಗೆ ಅಂದುಕೊಳ್ಳುವುದು ಕಷ್ಟ, ಏಕೆಂದರೆ ಆ ಹೊಸ್ತಿಲು ಅವರ ಮನೆಗೂ ಇದೆ. ಬೆಳಗಿನ ಜಾವ ದುರ್ಗದ ಬೈಲಿನಲ್ಲಿ ಹಿಂದಿನ ರಾತ್ರಿಯ ಎಂಜಲು ಕಾಗದ ಗುಡಿಸುವ ಪೌರಕಾರ್ಮಿಕರ ಜೊತೆ ಕ್ಯಾಮೆರಾ ಒಂದು ಪಾಳಿ ಪೂರ್ತಿ ನಡೆದರೆ, ಅವರಿಗೆ ನೀರು ಯಾರು ಕೊಟ್ಟರು, ಹೇಗೆ ಕೊಟ್ಟರು ಎನ್ನುವುದು ತಾನಾಗಿ ಕಾಣುತ್ತದೆ.

ಬರೀ ನೋಡುತ್ತ ಕೂರುವುದು ಪಕ್ಷ ವಹಿಸದವರ ಜಾಣತನ, ಅನ್ಯಾಯದ ಮುಂದೆ ಮೌನ ಎಂದು ಚಳವಳಿಯ ಗೆಳೆಯರು ಹೇಳುವುದನ್ನು ಕೇಳಿದ್ದೇನೆ. ಆ ಆತಂಕ ನನಗೆ ಅರ್ಥವಾಗುತ್ತದೆ, ಆದರೆ ನಿಧಾನ ಬೇರೆ, ಮೌನ ಬೇರೆ. ಆನಂದ ಪಟವರ್ಧನರಷ್ಟು ನೇರವಾಗಿ ಪಕ್ಷ ವಹಿಸಿದ ಸಾಕ್ಷ್ಯಚಿತ್ರಕಾರರು ನಮ್ಮಲ್ಲಿ ಕಡಿಮೆ. ಮುಂಬಯಿಯ ರಮಾಬಾಯಿ ಕಾಲೊನಿಯಲ್ಲಿ 1997ರಲ್ಲಿ ಪೊಲೀಸರ ಗುಂಡಿಗೆ 10 ಮಂದಿ ದಲಿತರು ಬಲಿಯಾದಾಗಿನಿಂದ ಚಿತ್ರೀಕರಿಸುತ್ತ ಹೋಗಿ, 14 ವರ್ಷಗಳ ನಂತರ, 2011ರಲ್ಲಿ ಅವರು ‘ಜೈ ಭೀಮ್ ಕಾಮ್ರೇಡ್’ ಮುಗಿಸಿದರು. ಆ ಕೋಪಕ್ಕೆ ಆಳ ಬಂದದ್ದು ಆ 14 ವರ್ಷಗಳಿಂದ.

ಪಕ್ಷದ ಪ್ರಶ್ನೆಗಿಂತ ನನ್ನನ್ನು ಹೆಚ್ಚು ಕಾಡುವುದು ಖಾಸಗಿತನದ ಪ್ರಶ್ನೆ. ವೈಸ್‌ಮನ್ನರ ಮೊದಲ ಚಿತ್ರ ‘ಟಿಟಿಕಟ್ ಫಾಲೀಸ್’ ಅಪರಾಧಿ ಮನೋರೋಗಿಗಳ ಆಸ್ಪತ್ರೆಯೊಂದರ ಒಳಗಿನದು. ರೋಗಿಗಳ ಖಾಸಗಿತನಕ್ಕೆ ಧಕ್ಕೆಯಾಗಿದೆ ಎಂದು ಮ್ಯಾಸಚೂಸೆಟ್ಸಿನ ನ್ಯಾಯಾಲಯ ಅದರ ಸಾರ್ವಜನಿಕ ಪ್ರದರ್ಶನ ತಡೆಯಿತು. ತಡೆ ಪೂರ್ತಿ ತೆರವಾದದ್ದು 1991ರಲ್ಲಿ. ಆ ಗೋಡೆಗಳೊಳಗಿನ ಕ್ರೌರ್ಯ ಹೊರಗೆ ಬಂದದ್ದು ಒಳ್ಳೆಯದೇ. ಅದರೊಂದಿಗೆ, ಒಪ್ಪಿಗೆ ಕೊಡುವ ಸ್ಥಿತಿಯಲ್ಲೇ ಇಲ್ಲದ ಮನುಷ್ಯರ ಬೆತ್ತಲೆಯೂ ಹೊರಬಂತು. ಎರಡೂ ನಿಜ, ಒಂದು ಇನ್ನೊಂದನ್ನು ಅಳಿಸುವುದಿಲ್ಲ. ನಮ್ಮಲ್ಲಿ ಈ ಅಪಾಯ ಇನ್ನೂ ಹೆಚ್ಚು. ಬಡವರು ಕ್ಯಾಮೆರಾ ಹಿಡಿದ ವಿದ್ಯಾವಂತರಿಗೆ ಬೇಡ ಎನ್ನುವುದು ಕಡಿಮೆ, ಅದರಲ್ಲೂ ಮೇಲಿನವರು ಅನುಮತಿ ಕೊಟ್ಟ ಮೇಲೆ. ಮಾಲೀಕರ ಸಹಿ ಇದ್ದರೆ ಕಾರ್ಮಿಕರ ಒಪ್ಪಿಗೆ ಸಿಕ್ಕಂತೆ ಎಂದು ತಿಳಿಯುವುದು ದೊಡ್ಡ ಅನ್ಯಾಯ. ನಿಧಾನಕ್ಕೆ ಇಲ್ಲಿ ಒಂದು ಅನುಕೂಲವಿದೆ: ತಿಂಗಳುಗಟ್ಟಲೆ ಇರುವವರು ತಿಂಗಳುಗಟ್ಟಲೆ ಕೇಳಬಹುದು, ಮೊದಲು ಹೂಂ ಎಂದವರಿಗೆ ಆಮೇಲೆ ಬೇಡವೆನ್ನಲು ದಾರಿಯಿರುತ್ತದೆ. 1961ರ ‘ಕ್ರಾನಿಕಲ್ ಆಫ್ ಎ ಸಮ್ಮರ್’ ಚಿತ್ರದಲ್ಲಿ ಜಾನ್ ರೂಶ್ ಮತ್ತು ಎಡ್ಗರ್ ಮೊರಾನ್ ತಾವು ಚಿತ್ರಿಸಿದವರನ್ನೇ ಕೂರಿಸಿ ಚಿತ್ರ ತೋರಿಸಿದರು. ಅವರ ಜಗಳ, ಆಕ್ಷೇಪಗಳೂ ಚಿತ್ರದ ಭಾಗವಾದವು. ನಮ್ಮಲ್ಲಿ ಇದು ಕಡ್ಡಾಯ ಪದ್ಧತಿಯಾಗಬೇಕು.

ಅವಸರದ ಕಾರಣವೂ ಒಂದಿದೆ. ದಿನದ ಬದುಕು ಸದ್ದಿಲ್ಲದೆ ಬದಲಾಗುತ್ತದೆ. ಹುಬ್ಬಳ್ಳಿಗೂ ಧಾರವಾಡಕ್ಕೂ ನಡುವೆ ಬೇಂದ್ರೆ ನಗರ ಸಾರಿಗೆಯ ಖಾಸಗಿ ಬಸ್ಸುಗಳು ತುಂಬಿ ತುಳುಕುತ್ತ ಓಡಾಡಿದ ಕಾಲವೊಂದಿತ್ತು. ಬಾಗಿಲಲ್ಲಿ ಜೋತುಬಿದ್ದು ‘ಹುಬ್ಳಿ ಹುಬ್ಳಿ ಹುಬ್ಳಿ’ ಎಂದು ಕೂಗುವ ಹುಡುಗ, ನವಲೂರಿನಲ್ಲಿ ಪೇರಲ ಬುಟ್ಟಿಯೊಂದಿಗೆ ಹತ್ತುವ ಹೆಂಗಸರು, ಚಿಲ್ಲರೆಗಾಗಿ ಉಣಕಲ್ಲಿನವರೆಗೆ ನಡೆಯುವ ವಾದ. 2018ರ ಅಕ್ಟೋಬರಿನಲ್ಲಿ ಬಿಆರ್‌ಟಿಎಸ್ ಎಂಬ ತ್ವರಿತ ಬಸ್ ಸಾರಿಗೆಯ ಚಿಗರಿ ಬಸ್ಸುಗಳು ಪ್ರಾಯೋಗಿಕವಾಗಿ ಓಡತೊಡಗಿದವು, 2020ರ ಫೆಬ್ರುವರಿ 2ರಂದು ವಿಧ್ಯುಕ್ತವಾಗಿ ಉದ್ಘಾಟನೆಯಾಯಿತು. ಗಾಜಿನ ನಿಲ್ದಾಣ, ತಾನಾಗಿ ತೆರೆಯುವ ಬಾಗಿಲು, ತಂಪು ಗಾಳಿ. ನಾನೂ ಅದರಲ್ಲೇ ಓಡಾಡುತ್ತೇನೆ, ಹಳೆಯದೇ ಚೆಂದವಿತ್ತು ಎಂದು ಹಲುಬುವ ಇರಾದೆ ನನಗಿಲ್ಲ. ಆದರೆ ರಸ್ತೆ ಅಗಲಿಸಲು ಮರ ಉರುಳಿದ್ದಕ್ಕೆ ಫೋಟೊಗಳಿವೆ, ಉದ್ಘಾಟನೆಗೆ ವಿಡಿಯೊಗಳಿವೆ. ಆ ಇಪ್ಪತ್ತೆರಡು ಕಿಲೋಮೀಟರಿನ ಒಂದು ಸಾಮಾನ್ಯ ಪ್ರಯಾಣಕ್ಕೆ, ಅದರ ಬೆವರು, ಮಾತು, ತೂಕಡಿಕೆಗಳ ಸಮೇತ, ದಾಖಲೆ ಎಲ್ಲಿದೆ? ಆ ಮಾತಿನ ದಾಖಲೆಯಾದರೂ ಎಲ್ಲಿದೆ? ನಮ್ಮ ಕಡೆಯ ಕನ್ನಡವು ಸಿನಿಮಾ, ಧಾರಾವಾಹಿಗಳಲ್ಲಿ ಬಂದಾಗಲೆಲ್ಲ ಬಹುಪಾಲು ನಗಿಸಲು ಬರುತ್ತದೆ ಅಥವಾ ಬೈಯಲು ಬರುತ್ತದೆ. ಅದೇ ಕನ್ನಡದಲ್ಲಿ ಜನ ಸಾಲದ ಲೆಕ್ಕ ಹಾಕುತ್ತಾರೆ, ಮಗಳ ಮದುವೆಗೆ ಹಿಂಜರಿಯುತ್ತಾರೆ, ಅರ್ಧಕ್ಕೆ ನಿಲ್ಲಿಸಿ ಉಸಿರು ಬಿಡುತ್ತಾರೆ. ಬರೆದುಕೊಟ್ಟ ಸಂಭಾಷಣೆಯಲ್ಲಿ ಆ ಉಸಿರು ಬರುವುದಿಲ್ಲ.

ನಮ್ಮ ನಾಡಿನಲ್ಲಿ ಸಹನೆಯ ಚಿತ್ರೀಕರಣಕ್ಕೆ ಮರ್ಯಾದೆ ಇಲ್ಲವೆಂದೂ ಅಲ್ಲ. ಬಂಡೀಪುರ, ಮುದುಮಲೆಯ ಕಾಡಿನಲ್ಲಿ ಕೃಪಾಕರ–ಸೇನಾನಿ ವರ್ಷಾನುಗಟ್ಟಲೆ ಕಾಡುನಾಯಿಗಳ ಬೆನ್ನು ಹತ್ತಿದರು. ಒಂದು ಗುಂಪಿನ ಒಂದೊಂದು ನಾಯಿಯ ಸ್ವಭಾವವೂ ಗೊತ್ತಾಗುವಷ್ಟು ಕಾದರು. ಅದರಿಂದ ಬಂದ ಚಿತ್ರಗಳನ್ನು ಜಗತ್ತು ಮೆಚ್ಚಿತು, ನಾವೂ ಹೆಮ್ಮೆಪಟ್ಟೆವು. ಯಾರೂ ಅವರನ್ನು ಅಷ್ಟು ಹೊತ್ತು ಯಾಕೆ ಕಾದಿರಿ ಎಂದು ಕೇಳಲಿಲ್ಲ. ಮೃಗದ ಬದುಕು ಕಾಯದೆ ತಿಳಿಯುವುದಿಲ್ಲ ಎಂದು ಎಲ್ಲರೂ ಒಪ್ಪಿದ್ದೇವೆ. ಮನುಷ್ಯರ ವಿಷಯಕ್ಕೆ ಬಂದರೆ, ಅವರಿಗೆ ಬಾಯಿ ಇದೆಯಲ್ಲ, ಕೇಳಿದರೆ ಹೇಳುತ್ತಾರೆ ಎಂದು ಹೊರಟುಬಿಡುತ್ತೇವೆ.

ದುಡ್ಡಿನ ಮಾತು ಬೇಗ ಮುಗಿಸುತ್ತೇನೆ. 16 ಎಂಎಂ ಫಿಲ್ಮಿನ ಕಾಲದಲ್ಲಿ 400 ಅಡಿಯ ಸುರುಳಿ ಹನ್ನೊಂದು ನಿಮಿಷಕ್ಕೆ ಮುಗಿಯುತ್ತಿತ್ತು, ಕಾಯುವುದೆಂದರೆ ಹಣ ಸುಡುವುದಾಗಿತ್ತು. ಇಂದು ಕಾಲೇಜು ಹುಡುಗಿಯ ಕೈಯಲ್ಲಿರುವ ಫೋನು ಗಂಟೆಗಟ್ಟಲೆ ಚಿತ್ರಿಸುತ್ತದೆ. ಒಳ್ಳೆಯ ಮೈಕ್ ಒಂದು ಬೇಕು. ನೋಟಕ್ಕಿಂತ ಸದ್ದು ಕೆಟ್ಟರೆ ಇಂಥ ಚಿತ್ರ ಬೇಗ ಸಾಯುತ್ತದೆ. ಬೇಕಾದ ದೊಡ್ಡ ಬಂಡವಾಳ ಒಬ್ಬರ ಒಂದು ವರ್ಷ, ಆ ವರ್ಷದ ಅನ್ನ. 1948ರಲ್ಲಿ ಶುರುವಾಗಿ ದಶಕಗಳ ಕಾಲ ಟಾಕೀಸುಗಳಲ್ಲಿ ಸಿನಿಮಾಕ್ಕೆ ಮುಂಚೆ ಸಾಕ್ಷ್ಯಚಿತ್ರ ತೋರಿಸುತ್ತಿದ್ದ ಸರ್ಕಾರದ ಫಿಲ್ಮ್ಸ್ ಡಿವಿಷನ್ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಳಗೆ (ಎನ್‌ಎಫ್‌ಡಿಸಿ) ವಿಲೀನವಾಯಿತು. ದಿಲ್ಲಿ, ಮುಂಬಯಿಯಿಂದ ಯಾರೋ ಬಂದು ನಮ್ಮೂರನ್ನು ನೋಡುತ್ತಾರೆಂದು ಕಾಯುವ ಕಾಲ ಮುಗಿದಿದೆ.

ಕರ್ನಾಟಕ ವಿಶ್ವವಿದ್ಯಾಲಯದಲ್ಲಿ ಪತ್ರಿಕೋದ್ಯಮ, ಜಾನಪದ, ಮಾನವಶಾಸ್ತ್ರ ಓದುವ ಮಕ್ಕಳಿದ್ದಾರೆ. ಪ್ರತಿವರ್ಷ ಅವರಲ್ಲಿ ನಾಲ್ಕಾರು ಮಂದಿ ಅವಳಿ ನಗರದ ಅಥವಾ ಸುತ್ತಲಿನ ಊರುಗಳ ಒಂದೊಂದು ಜಾಗ ಆರಿಸಿಕೊಂಡು, ವರ್ಷವಿಡೀ ಅಲ್ಲಿಗೆ ಹೋಗಿ ಬರಲಿ: ಗರಗದ ಮಗ್ಗದ ಮನೆ, ಕಲಘಟಗಿಯ ತೊಟ್ಟಿಲಿಗೆ ಬಣ್ಣ ಹಾಕುವ ಜಗಲಿ, ಜನತಾ ಬಜಾರಿನ ಒಂದು ತರಕಾರಿ ಕಟ್ಟೆ. ಪದವಿಗೆ ಇಪ್ಪತ್ತು ನಿಮಿಷದ ಚಿತ್ರ ಸಾಕು. ಆದರೆ ಕತ್ತರಿಸುವ ಮುಂಚಿನ ಚಿತ್ರಿಕೆಯೆಲ್ಲ ದಿನಾಂಕ, ಜಾಗ, ಒಪ್ಪಿಗೆಯ ಕಾಗದದೊಂದಿಗೆ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಪುಸ್ತಕದಂತೆ ಜಮೆಯಾಗಬೇಕು, ಕೇಳಿದವರಿಗೆ ಸಿಗಬೇಕು. ಯಾವ ಚಿತ್ರವೂ ಮೊದಲು ವಿದ್ಯಾವರ್ಧಕ ಸಂಘದ ಸಭಾಂಗಣದಲ್ಲಿ ತೋರುವುದು ಬೇಡ. ಬೆಂಗೇರಿಯದನ್ನು ಬೆಂಗೇರಿಯಲ್ಲೇ, ಕೆಲಸ ಬಿಟ್ಟ ಮೇಲೆ, ಹೊಲಿಗೆ ಯಂತ್ರಗಳನ್ನು ಬದಿಗೆ ಸರಿಸಿ ತೋರಿಸಲಿ. ‘ಇದನ್ನ ತಗೀರಿ’ ಎಂದು ಯಾರಾದರೂ ಅಂದರೆ ತೆಗೆಯಲಿ, ‘ಇದರಾಗ ನಮ್ಮ ಕೂಲಿ ಮಾತು ಬರಲೇ ಇಲ್ಲಲ್ರಿ’ ಎಂದರೆ ಮತ್ತೆ ಹೋಗಿ ಚಿತ್ರಿಸಲಿ. ಊರಿಗೆ ತೋರಿಸುವುದು ಆಮೇಲೆ. ಆಗಸ್ಟಿನಲ್ಲಿ ಬೆಂಗೇರಿಯಲ್ಲಿ ಟಿವಿಯವರೆಲ್ಲ ಇರುತ್ತಾರೆ, ಹಾಗಾಗಿ ಅಲ್ಲಿ ಶುರುಮಾಡುವುದು ಜನವರಿ 26 ಕಳೆದ ಮೇಲೆ ಒಳ್ಳೆಯದು; ಅನುಮತಿಗೆ ಅರ್ಜಿ ಹಾಕುವ ಕೆಲಸ ಈಗಲೇ ಆಗಬಹುದು.